ಮೇಲುಕೋಟೆಯಿಂದ ಮದರಾಸಿಗೆ: ಜಯಲಲಿತಾ ಅವರ ಚಲಚ್ಚಿತ್ರ ಜೀವನದ ಕನ್ನಡ ಘಟ್ಟ

ಮಂಡ್ಯ ಜಿಲ್ಲೆಯ ಶ್ರೀರಂಗಪಟ್ಟಣ, ಪಾಂಡವಪುರ, ಕೃಷ್ಣರಾಜಪೇಟೆ, ನಾಗಮಂಗಲ ತಾಲ್ಲೂಕುಗಳ ಚರಿತ್ರೆಯನ್ನು ಬರೆದವರೆಲ್ಲರೂ ಹೊಯ್ಸಳರ ದೇವಾಲಯಗಳಿಂದ ಆರಂಭಿಸಿ, ರಾಮಾನುಜಾಚಾರ್ಯರ ಆಗಮನವನ್ನು ಹೇಳಿ, 1799ರ ಶ್ರೀರಂಗಪಟ್ಟಣದ ಪತನದೊಡನೆಯೋ ಕನ್ನಂಬಾಡಿ ಕಟ್ಟೆಯ ನಿರ್ಮಾಣದೊಡನೆಯೋ ಮುಗಿಸುವುದು ವಾಡಿಕೆ. ಇಪ್ಪತ್ತನೆಯ ಶತಮಾನದ ಉತ್ತರಾರ್ಧದಲ್ಲಿ ಈ ನೆಲದಲ್ಲಿ ಹುಟ್ಟಿ ಹೊರಗೆ ಹೋದವರ ಕಥೆಯು ಚರಿತ್ರೆಯ ಪುಟಕ್ಕೆ ಇನ್ನೂ ಬಂದಿಲ್ಲ. ಅದರಲ್ಲಿಯೂ ಚಲಚ್ಚಿತ್ರದವರೆಂದರೆ ವಿದ್ವಾಂಸರಿಗೆ ಒಂದು ಬಗೆಯ ಸಂಕೋಚ. ಆ ಸಂಕೋಚವನ್ನು ಬದಿಗಿಟ್ಟು, ಪಾಂಡವಪುರ ತಾಲ್ಲೂಕಿನ ಮೇಲುಕೋಟೆಯಲ್ಲಿ 1948ನೆಯ ಫೆಬ್ರುವರಿ 24ರಂದು ಜನಿಸಿದ ನಟಿ ಜಯಲಲಿತಾ ಅವರ ವೃತ್ತಿಜೀವನದ ಮೊದಲ ಘಟ್ಟವನ್ನು ಈ ಲೇಖನದಲ್ಲಿ ಪರಿಶೀಲಿಸಲು ಯತ್ನಿಸಿದ್ದೇವೆ.

ಈಕೆಯ ವಿಷಯದಲ್ಲಿ ಎರಡು ಅಭಿಪ್ರಾಯಗಳು ರೂಢಿಯಲ್ಲಿವೆ. ತಮಿಳುನಾಡಿನವರಲ್ಲಿ ಅನೇಕರು ಮೇಲುಕೋಟೆಯ ಜನನವನ್ನು ಕೇವಲ ಆಕಸ್ಮಿಕವೆಂದು ಭಾವಿಸಿ, 1965ರ ತಮಿಳು ಚಿತ್ರಗಳಿಂದಲೇ ಕಥೆಯನ್ನು ಪ್ರಾರಂಭಿಸುತ್ತಾರೆ. ಕನ್ನಡಿಗರಲ್ಲಿ ಅನೇಕರಾದರೋ ಮೊದಲು ಈಕೆ ನಮ್ಮವಳೆಂದು ಹೆಮ್ಮೆಪಟ್ಟು, ಬಳಿಕ ನಮ್ಮನ್ನು ಬಿಟ್ಟುಹೋದವಳೆಂದು ಮುನಿಸಿಕೊಳ್ಳುತ್ತಾರೆ. ಈ ಎರಡು ಅಭಿಪ್ರಾಯಗಳಿಗೂ ಮೂಲದಲ್ಲಿರುವ ತಪ್ಪು ಒಂದೇ ಎಂದು ನಮಗೆ ತೋರುತ್ತದೆ. 1970ರ ಸುಮಾರಿಗೆ ಗಟ್ಟಿಯಾದ ಭಾಷಾ ಗಡಿಗಳನ್ನು 1964ರ ಮದರಾಸಿನ ಸ್ಟುಡಿಯೊಗಳ ಮೇಲೆ ಹೇರಿ ನೋಡುವುದೇ ಆ ತಪ್ಪು. ಆ ಗಡಿಗಳಿಲ್ಲದ ಕಾಲದ ವ್ಯವಸ್ಥೆಯನ್ನು ಕಣ್ಣಮುಂದೆ ತಂದುಕೊಂಡಲ್ಲದೆ ಈಕೆಯ ಏಳಿಗೆಯು ಅರ್ಥವಾಗದು. ಆ ಏಳಿಗೆಯ ಮೊದಲ ಮೆಟ್ಟಿಲು ಒಂದು ಕನ್ನಡ ಚಿತ್ರವೆಂಬುದೂ, ಆ ಮೆಟ್ಟಿಲಿಲ್ಲದೆ ಮುಂದಿನವು ಇದ್ದಿರಲಾರವೆಂಬುದೂ ನಮ್ಮ ಪ್ರತಿಪಾದನೆ.

ಮೊದಲು ಊರಿನ ವಿಷಯ. ಹನ್ನೆರಡನೆಯ ಶತಮಾನದಲ್ಲಿ ರಾಮಾನುಜಾಚಾರ್ಯರು ಯದುಗಿರಿಗೆ ಬಂದು ಚೆಲುವನಾರಾಯಣಸ್ವಾಮಿಯ ಆರಾಧನೆಯನ್ನು ವ್ಯವಸ್ಥೆಗೊಳಿಸಿದ ಮೇಲೆ, ಅವರೊಡನೆಯೂ ಅವರ ಹಿಂದೆಯೂ ಬಂದ ಶ್ರೀವೈಷ್ಣವ ಕುಟುಂಬಗಳು ಮೇಲುಕೋಟೆ, ತೊಣ್ಣೂರು, ಶ್ರೀರಂಗಪಟ್ಟಣ, ನಾಗಮಂಗಲಗಳಲ್ಲಿ ನೆಲೆಸಿದವು. ಮನೆಯೊಳಗೆ ಕನ್ನಡದ ಛಾಯೆ ಬಿದ್ದ ಒಂದು ತಮಿಳು, ದೇವಾಲಯದಲ್ಲಿ ಸಂಸ್ಕೃತ ಮತ್ತು ದ್ರಾವಿಡ ಪ್ರಬಂಧ, ಬೀದಿಯಲ್ಲಿಯೂ ಕಛೇರಿಯಲ್ಲಿಯೂ ಕನ್ನಡ, ಹೀಗೆ ಮೂರು ಭಾಷೆಗಳ ನಡುವೆ ಎಂಟು ನೂರು ವರ್ಷ ಬಾಳಿದ ಸಮುದಾಯವಿದು. ಇಂಥ ಮನೆಯಲ್ಲಿ ಹುಟ್ಟಿದವರಿಗೆ ಮಾತೃಭಾಷೆ ಯಾವುದೆಂದು ಕೇಳಿದರೆ ಉತ್ತರ ಅಷ್ಟು ಸುಲಭವಲ್ಲ. 1905ರಲ್ಲಿ ಇದೇ ಮೇಲುಕೋಟೆಯಲ್ಲಿ ಜನಿಸಿದ ಪು.ತಿ. ನರಸಿಂಹಾಚಾರ್ಯರು ಕನ್ನಡದ ಹಿರಿಯ ಕವಿಗಳಾದರು. ಮನೆಯ ತಮಿಳು ಅವರ ಕನ್ನಡಕ್ಕೆ ಅಡ್ಡಿಯಾಯಿತೆಂದು ಯಾರೂ ಹೇಳಲಿಲ್ಲ. ಮಾಸ್ತಿಯವರ ವಿಷಯದಲ್ಲಿಯೂ ಹೇಳಲಿಲ್ಲ. ಒಂದೇ ಊರಿನಿಂದ ಒಬ್ಬರು ಕನ್ನಡ ಕವಿಯಾಗಿಯೂ ಮತ್ತೊಬ್ಬರು ತಮಿಳು ನಟಿಯಾಗಿಯೂ ಪ್ರಸಿದ್ಧರಾದುದಕ್ಕೆ ಕಾರಣವನ್ನು ರಕ್ತದಲ್ಲಿ ಹುಡುಕುವುದಕ್ಕಿಂತ ಉದ್ಯೋಗದಲ್ಲಿ ಹುಡುಕುವುದು ಲೇಸು.

ಜಯಲಲಿತಾ ಅವರ ಪಿತಾಮಹರು ಮೈಸೂರು ಅರಮನೆಗೆ ಸಂಬಂಧಪಟ್ಟ ವೈದ್ಯರಾಗಿದ್ದವರು. ತಂದೆ ಜಯರಾಂ ನ್ಯಾಯಶಾಸ್ತ್ರ ಓದಿದವರು. ಮಾತಾಮಹರು ಶ್ರೀರಂಗದ ಕಡೆಯವರು. ಬೆಂಗಳೂರಿನ ವಿಮಾನ ಕಾರ್ಖಾನೆಯ ಉದ್ಯೋಗಕ್ಕಾಗಿ ಮೈಸೂರು ಸಂಸ್ಥಾನಕ್ಕೆ ಬಂದರು. ಅಂದರೆ ತಂದೆಯ ಕಡೆ ಮೈಸೂರು, ತಾಯಿಯ ಕಡೆ ಶ್ರೀರಂಗ. ಕಾವೇರಿಯ ಎರಡು ರಂಗಕ್ಷೇತ್ರಗಳ ಸೀಮೆಯವರು ಒಂದೇ ಮನೆಯಲ್ಲಿ ಕೂಡಿದ್ದರು. ಮಗುವಿಗೆ ಕುಲಾಚಾರದಂತೆ ಎರಡು ಹೆಸರು: ಅಜ್ಜಿಯ ಹೆಸರಾದ ಕೋಮಲವಲ್ಲಿ ಒಂದು, ಜಯಲಲಿತಾ ಮತ್ತೊಂದು. ಎರಡನೆಯದು ಮೈಸೂರಿನಲ್ಲಿ ಕುಟುಂಬದವರು ವಾಸವಾಗಿದ್ದ ಜಯವಿಲಾಸ, ಲಲಿತವಿಲಾಸ ಎಂಬ ಎರಡು ಮನೆಗಳ ಹೆಸರಿನಿಂದ ಬಂದುದೆಂದು ಪ್ರತೀತಿ.

ಮಗುವಿಗೆ ಎರಡು ವರ್ಷವಾಗುವಷ್ಟರಲ್ಲಿ ತಂದೆ ತೀರಿಕೊಂಡರು. ತಾಯಿ ವೇದವಲ್ಲಿಯವರು ಮಗ ಜಯಕುಮಾರನನ್ನೂ ಮಗಳನ್ನೂ ಕರೆದುಕೊಂಡು ಬೆಂಗಳೂರಿನ ತವರುಮನೆಗೆ ಬಂದು, ಬೆರಳಚ್ಚು ಕಲಿತು ಗುಮಾಸ್ತೆಯ ಕೆಲಸಕ್ಕೆ ಸೇರಿದರು. ಇಲ್ಲಿಂದ ಮುಂದಿನ ಕಥೆಯನ್ನು ನಿರ್ಣಯಿಸಿದ್ದು ಸಂಪಾದನೆಯ ಅಗತ್ಯ. ವೇದವಲ್ಲಿಯವರ ತಂಗಿ ಅಂಬುಜವಲ್ಲಿಯವರು ಮದರಾಸಿನಲ್ಲಿ ವಿಮಾನದ ಪರಿಚಾರಿಕೆಯಾಗಿದ್ದು, ವಿದ್ಯಾವತಿ ಎಂಬ ಹೆಸರಿನಲ್ಲಿ ಚಿತ್ರಗಳಲ್ಲಿ ನಟಿಸತೊಡಗಿದ್ದರು. ಅಕ್ಕನೂ ಅಲ್ಲಿಗೆ ಹೋಗಿ ಸಂಧ್ಯಾ ಎಂಬ ಹೆಸರಿನಿಂದ ನಟಿಯಾದರು. 1957ರ ಪ್ರಸಿದ್ಧ ‘ಮಾಯಾಬಜಾರ್’ ಚಿತ್ರದ ರುಕ್ಮಿಣಿ ಇವರೇ. ವಿಧವೆಯಾದ ಒಬ್ಬ ಶ್ರೀವೈಷ್ಣವ ಸ್ತ್ರೀ ಬಣ್ಣ ಹಚ್ಚಿಕೊಂಡು ಕ್ಯಾಮರಾದ ಮುಂದೆ ನಿಲ್ಲುವುದೆಂದರೆ 1950ರ ದಶಕದಲ್ಲಿ ಎಂಥ ಮಾತುಗಳನ್ನು ಕೇಳಬೇಕಾಗಿತ್ತೆಂಬುದನ್ನು ನಮ್ಮ ವಿದ್ಯಾರ್ಥಿಗಳು ಊಹಿಸಿಕೊಳ್ಳಬೇಕು. ಚಿತ್ರರಂಗದ ಚರಿತ್ರೆಯಲ್ಲಿ ಸಂಧ್ಯಾ ಅವರಿಗೆ ಸಂದಿರುವ ಸ್ಥಳ ಅಲ್ಪ. ಸಾಮಾಜಿಕ ಚರಿತ್ರೆಯಲ್ಲಾದರೂ ಹೆಚ್ಚಿನ ಸ್ಥಳ ಸಲ್ಲಬೇಕು.

ಮಗಳು ಮಾತ್ರ ಬೆಂಗಳೂರಿನಲ್ಲಿ ಅಜ್ಜಅಜ್ಜಿಯರ ಬಳಿ ಉಳಿದಳು. ಬಿಷಪ್ ಕಾಟನ್ ಬಾಲಿಕಾ ಶಾಲೆಯಲ್ಲಿ ಓದಿ, ಹತ್ತು ವರ್ಷದವಳಾದಾಗ, 1958ರಲ್ಲಿ, ಮದರಾಸಿಗೆ ಹೋಗಿ ಚರ್ಚ್ ಪಾರ್ಕ್ ಕಾನ್ವೆಂಟಿಗೆ ಸೇರಿದಳು. ಎಂದರೆ ಬಾಲ್ಯದ ಮೊದಲ ಹತ್ತು ವರ್ಷಗಳು ಮೇಲುಕೋಟೆ, ಮೈಸೂರು, ಬೆಂಗಳೂರುಗಳಲ್ಲಿಯೇ ಕಳೆದವು. ಮುಂದೆ ಕನ್ನಡ ಚಿತ್ರಗಳಲ್ಲಿ ಸಂಭಾಷಣೆಯನ್ನು ತಾನೇ ನುಡಿಯಲು ಸಾಧ್ಯವಾದುದು ಈ ಹತ್ತು ವರ್ಷಗಳ ಫಲ. ಮದರಾಸಿನಲ್ಲಿ ಕೆ.ಜೆ. ಸರಸ ಅವರ ಬಳಿ ಭರತನಾಟ್ಯವನ್ನು ಅಭ್ಯಾಸಮಾಡಿ, 1960ರಲ್ಲಿ ಮೈಲಾಪುರದ ರಸಿಕರಂಜನಿ ಸಭೆಯಲ್ಲಿ ರಂಗಪ್ರವೇಶ ಮಾಡಿದಾಗ ಶಿವಾಜಿ ಗಣೇಶನ್ ಮುಖ್ಯ ಅತಿಥಿಗಳಾಗಿ ಬಂದಿದ್ದರು.

ಆ ಕಾಲದ ಕನ್ನಡ ಚಿತ್ರೋದ್ಯಮ ಎಲ್ಲಿತ್ತೆಂಬುದನ್ನು ಇಲ್ಲಿ ಹೇಳದೆ ಮುಂದೆ ಸಾಗುವಂತಿಲ್ಲ. ಮೊದಲ ಕನ್ನಡ ವಾಕ್ಚಿತ್ರ ‘ಸತಿ ಸುಲೋಚನಾ’ 1934ರಲ್ಲಿ ತಯಾರಾದದ್ದು ಕೊಲ್ಲಾಪುರದಲ್ಲಿ. 1936ರ ‘ಸಂಸಾರ ನೌಕಾ’ ಮದರಾಸಿನದು. 1954ರಲ್ಲಿ ರಾಜಕುಮಾರರನ್ನು ನಾಯಕರನ್ನಾಗಿ ಪರಿಚಯಿಸಿದ ‘ಬೇಡರ ಕಣ್ಣಪ್ಪ’ ಕೂಡ ಮದರಾಸಿನ ಸ್ಟುಡಿಯೊದಲ್ಲಿಯೇ ರೂಪುಗೊಂಡಿತು. ಮೈಸೂರಿನಲ್ಲಿ ಒಂದು ಸ್ಟುಡಿಯೊ ಇದ್ದಿತಾದರೂ, ಧ್ವನಿಮುದ್ರಣ, ಸಂಸ್ಕರಣ, ಸಂಗೀತಗಾರರು, ನೃತ್ಯ ನಿರ್ದೇಶಕರು, ಸಾಲ ಕೊಡುವ ಹಣವಂತರು ಎಲ್ಲರೂ ಮದರಾಸಿನಲ್ಲಿ. ಕೋಡಂಬಾಕಂ ಆಗ ತಮಿಳರ ಊರಾಗಿದ್ದಂತೆಯೇ ಕನ್ನಡಿಗರ, ತೆಲುಗರ, ಮಲಯಾಳಿಗಳ ಊರೂ ಆಗಿತ್ತು. ಒಂದೇ ಅಂಗಳದಲ್ಲಿ ಬೆಳಿಗ್ಗೆ ತೆಲುಗಿನ ದೃಶ್ಯ, ಸಂಜೆ ಕನ್ನಡದ ದೃಶ್ಯ. ಒಂದೇ ಕಥೆಯನ್ನು ಎರಡು ಭಾಷೆಗಳಲ್ಲಿ ಏಕಕಾಲದಲ್ಲಿ ತೆಗೆದು ಖರ್ಚನ್ನು ಹಂಚಿಕೊಳ್ಳುವುದು ನಿರ್ಮಾಪಕರ ಸಾಮಾನ್ಯ ಪದ್ಧತಿ. ನಟನಟಿಯರು ಈ ಭಾಷೆಯವರು ಆ ಭಾಷೆಯವರೆಂಬ ಎಣಿಕೆ ಇಲ್ಲದೆ ದುಡಿಯುತ್ತಿದ್ದರು. ಬೆಂಗಳೂರಿನ ಬಿ. ಸರೋಜಾದೇವಿಯವರು 1955ರಲ್ಲಿ ‘ಮಹಾಕವಿ ಕಾಳಿದಾಸ’ದಿಂದ ಕನ್ನಡದಲ್ಲಿ ಬೆಳಕಿಗೆ ಬಂದು, 1958ರ ‘ನಾಡೋಡಿ ಮನ್ನನ್’ ಚಿತ್ರದಿಂದ ತಮಿಳಿನ ಅಗ್ರಶ್ರೇಣಿಗೆ ಏರಿದರು. ಆದರೂ 1961ರಲ್ಲಿ ಕಿತ್ತೂರು ಚೆನ್ನಮ್ಮನಾಗಿ ಕನ್ನಡಿಗರ ಮನೆಮಾತಾದರು. ಇದರಲ್ಲಿ ವಿರೋಧವೇನೂ ಆಗ ಯಾರಿಗೂ ಕಾಣಲಿಲ್ಲ.

ಜಯಲಲಿತಾ ಅವರು ತೆರೆಯ ಮೇಲೆ ಕಾಣಿಸಿಕೊಂಡ ಮೊದಲ ಚಿತ್ರಗಳ ಸಾಲಿನಲ್ಲಿ 1961ರ ಕನ್ನಡ ಚಿತ್ರ ‘ಶ್ರೀಶೈಲ ಮಹಾತ್ಮೆ’ ಬರುತ್ತದೆ. ಆರೂರು ಪಟ್ಟಾಭಿಯವರು ನಿರ್ದೇಶಿಸಿ ರಾಜಕುಮಾರರು ನಾಯಕರಾಗಿದ್ದ ಆ ಚಿತ್ರದಲ್ಲಿ ಸಂಧ್ಯಾ ಅವರಿಗೂ ಪಾತ್ರವಿತ್ತು. ಬಾಲ ಪಾರ್ವತಿಯ ಪಾತ್ರಕ್ಕೆ ಗೊತ್ತಾಗಿದ್ದ ಹುಡುಗಿ ಬಾರದಿರಲು, ತಾಯಿಯೊಡನೆ ಸ್ಟುಡಿಯೊಗೆ ಬಂದಿದ್ದ ಮಗಳಿಗೆ ವೇಷ ಹಾಕಿಸಿದರೆಂದು ಜೀವನಚರಿತ್ರೆಗಳು ಹೇಳುತ್ತವೆ. ಅದೇ ದಶಕದಲ್ಲಿ ವಿ.ವಿ. ಗಿರಿಯವರ ಪುತ್ರರಾದ ಶಂಕರ ಗಿರಿಯವರು ತೆಗೆದ ‘ಎಪಿಸಲ್’ ಎಂಬ ಇಂಗ್ಲಿಷ್ ಚಿತ್ರದಲ್ಲಿಯೂ ಈಕೆ ನಟಿಸಿದ್ದುಂಟು. ಗಿರಿಯವರು 1965ರಿಂದ 1967ರವರೆಗೆ ಮೈಸೂರು ರಾಜ್ಯದ ರಾಜ್ಯಪಾಲರಾಗಿದ್ದವರು. ಇವೆಲ್ಲ ಬಾಲ್ಯದ ಬಿಡಿ ಪ್ರಸಂಗಗಳು. ವೃತ್ತಿಯೆಂದು ಕರೆಯಬಹುದಾದದ್ದು 1964ರಲ್ಲಿ ಆರಂಭವಾಯಿತು. ಅದನ್ನು ಆರಂಭಿಸಿದವರು ಬಿ.ಆರ್. ಪಂತುಲು.

ಪಂತುಲು ಅವರ ವಿಷಯವನ್ನು ಸ್ವಲ್ಪ ವಿಸ್ತರಿಸಿ ಹೇಳುವುದು ಅವಶ್ಯ. ಏಕೆಂದರೆ ನಾವು ವಿವರಿಸಬೇಕೆಂದಿರುವ ವ್ಯವಸ್ಥೆಯೆಲ್ಲವೂ ಈ ಒಬ್ಬ ವ್ಯಕ್ತಿಯಲ್ಲಿ ಮೂರ್ತಿವೆತ್ತಿತ್ತು. ಅವರು ಕನ್ನಡ ವೃತ್ತಿ ರಂಗಭೂಮಿಯಿಂದ ಬಂದವರು. ‘ಸಂಸಾರ ನೌಕಾ’ದಲ್ಲಿ ಎಂ.ವಿ. ರಾಜಮ್ಮನವರೊಡನೆ ನಾಯಕರಾಗಿದ್ದವರು. ಮದರಾಸಿನಲ್ಲಿ ಪದ್ಮಿನಿ ಪಿಕ್ಚರ್ಸ್ ಸಂಸ್ಥೆಯನ್ನು ನಡೆಸುತ್ತ, 1958ರಲ್ಲಿ ಕನ್ನಡಕ್ಕೆ ‘ಸ್ಕೂಲ್ ಮಾಸ್ಟರ್’ ಕೊಟ್ಟರು. 1959ರಲ್ಲಿ ತಮಿಳಿಗೆ ‘ವೀರಪಾಂಡಿಯ ಕಟ್ಟಬೊಮ್ಮನ್’ ಕೊಟ್ಟರು. 1961ರಲ್ಲಿ ಮತ್ತೆ ಕನ್ನಡಕ್ಕೆ ‘ಕಿತ್ತೂರು ಚೆನ್ನಮ್ಮ’. ಬ್ರಿಟಿಷರನ್ನು ಎದುರಿಸಿದ ತಮಿಳು ಪಾಳೆಯಗಾರನನ್ನೂ ಕನ್ನಡದ ರಾಣಿಯನ್ನೂ ಒಬ್ಬರೇ ನಿರ್ಮಾಪಕರು ಎರಡು ವರ್ಷಗಳ ಅಂತರದಲ್ಲಿ ತೆರೆಗೆ ತಂದರೆಂಬುದು ಚರಿತ್ರೆಯ ಅಧ್ಯಾಪಕರು ತರಗತಿಯಲ್ಲಿ ಹೇಳಬಹುದಾದ ಸಂಗತಿ. ಹೊಸಬರನ್ನು ಕನ್ನಡ ಚಿತ್ರಗಳಲ್ಲಿ ಪರೀಕ್ಷಿಸುವುದೂ ಅವರ ಪದ್ಧತಿಯಾಗಿತ್ತು. 1963ರ ‘ಸಾಕು ಮಗಳು’ ಚಿತ್ರದಲ್ಲಿ ಕಲ್ಪನಾ ಅವರನ್ನು ಪರಿಚಯಿಸಿದವರೂ ಅವರೇ.

1964ರಲ್ಲಿ ಪಂತುಲು ಅವರು ಒಂದೇ ಕಥೆಯನ್ನು ಎರಡು ಭಾಷೆಗಳಲ್ಲಿ ತೆಗೆದರು. ಕನ್ನಡದಲ್ಲಿ ಅದು ‘ಚಿನ್ನದ ಗೊಂಬೆ’, ತಮಿಳಿನಲ್ಲಿ ‘ಮುರಡನ್ ಮುತ್ತು’. ತಮಿಳಿನಲ್ಲಿ ಶಿವಾಜಿ ಗಣೇಶನ್ ಮತ್ತು ದೇವಿಕಾ. ಕನ್ನಡದಲ್ಲಿ ಕಲ್ಯಾಣಕುಮಾರ್ ಮತ್ತು ಹದಿನಾರು ವರ್ಷದ ಜಯಲಲಿತಾ. ಈ ಹಂಚಿಕೆಯನ್ನು ಗಮನಿಸಬೇಕು. ತಮಿಳು ಆವೃತ್ತಿಗೆ ಹಣ ಹೆಚ್ಚು, ಮಾರುಕಟ್ಟೆ ದೊಡ್ಡದು, ಆದುದರಿಂದ ಹೆಸರಾದ ನಾಯಕಿಯೇ ಬೇಕು. ಕನ್ನಡದ ಮಾರುಕಟ್ಟೆ ಸಣ್ಣದು. ಹೊಸಬಳನ್ನು ಹಾಕಿದರೆ ನಷ್ಟದ ಭಯ ಕಡಿಮೆ. ಕನ್ನಡ ಮಾತನಾಡಬಲ್ಲ, ನೃತ್ಯ ಬಲ್ಲ, ಮದರಾಸಿನಲ್ಲಿಯೇ ಇರುವ ಹುಡುಗಿಯಾದರೆ ಇನ್ನೂ ಅನುಕೂಲ. ಈಕೆಗೆ ಕೊಟ್ಟ ಸಂಭಾವನೆ 3,000 ರೂಪಾಯಿಯೆಂದು ಹೇಳುತ್ತಾರೆ. ಮಗಳು ಮೆಟ್ರಿಕ್ಯುಲೇಷನ್ ಮುಗಿಸಿ ಕಾಲೇಜಿಗೆ ಸೇರುವ ಮುಂಚಿನ ಬಿಡುವಿನಲ್ಲಿ ಈ ಕೆಲಸ ಮುಗಿಯಬಹುದೆಂದು ತಾಯಿ ಒಪ್ಪಿದರು. ಆ ಬಿಡುವು ಮುಗಿಯಲೇ ಇಲ್ಲ. ತನಗೆ ಚಿತ್ರರಂಗದಲ್ಲಿ ಇಷ್ಟವಿರಲಿಲ್ಲ, ಓದಬೇಕೆಂದಿತ್ತು ಎಂದು ಜಯಲಲಿತಾ ಅವರು 1999ರ ದೂರದರ್ಶನ ಸಂದರ್ಶನವೊಂದರಲ್ಲಿ ತಾವೇ ಹೇಳಿಕೊಂಡಿದ್ದಾರೆ.

‘ಚಿನ್ನದ ಗೊಂಬೆ’ ಯಶಸ್ವಿಯಾಯಿತು. ಟಿ.ಜಿ. ಲಿಂಗಪ್ಪನವರ ಸಂಗೀತದಿಂದಾಗಿ ಅದರ ಹಾಡುಗಳು ಬಹುಕಾಲ ಜನರ ಬಾಯಲ್ಲಿ ಉಳಿದವು. ಆದರೆ ಇದರ ನಿಜವಾದ ಪರಿಣಾಮವು ತಮಿಳು ಆವೃತ್ತಿಯ ಕಡೆಯಿಂದ ಬಂದಿತೆಂಬುದು ವಿಚಿತ್ರ. ‘ಮುರಡನ್ ಮುತ್ತು’ ತನ್ನ ನಾಯಕನ ನೂರನೆಯ ಚಿತ್ರವಾಗಬೇಕೆಂದು ಪಂತುಲು ಅವರ ಆಸೆ. ಆ ಗೌರವ ಅದೇ ದೀಪಾವಳಿಗೆ ಬಿಡುಗಡೆಯಾದ ‘ನವರಾತ್ರಿ’ಗೆ ಸಂದಿತು. ಇದರಿಂದ ಶಿವಾಜಿ ಗಣೇಶನ್ನರಿಗೂ ಪಂತುಲು ಅವರಿಗೂ ಮನಸ್ತಾಪ ಹುಟ್ಟಿತು. ‘ಕಟ್ಟಬೊಮ್ಮನ್’, ‘ಕರ್ಣನ್’ ಮೊದಲಾದ ಚಿತ್ರಗಳ ಮೂಲಕ ಬಂದ ಜೊತೆ ಮುರಿಯಿತು. ಪಂತುಲು ಅವರು ಎದುರು ಪಕ್ಷದ ನಾಯಕರಾದ ಎಂ.ಜಿ. ರಾಮಚಂದ್ರನ್ನರ ಕಡೆ ತಿರುಗಿದರು. ಅವರನ್ನಿಟ್ಟು ತೆಗೆದ ‘ಆಯಿರತ್ತಿಲ್ ಒರುವನ್’ ಚಿತ್ರಕ್ಕೆ ನಾಯಕಿ ಬೇಕಾದಾಗ, ಪಂತುಲು ಅವರ ಕೈಯಲ್ಲಿ ಸಿದ್ಧವಾಗಿದ್ದವರು ‘ಚಿನ್ನದ ಗೊಂಬೆ’ಯ ನಾಯಕಿ. ಆ ಕನ್ನಡ ಚಿತ್ರದ ಕೆಲವು ದೃಶ್ಯಗಳನ್ನು ನೋಡಿಯೇ ರಾಮಚಂದ್ರನ್ನರು ಒಪ್ಪಿದರೆಂಬ ಹೇಳಿಕೆಯೂ ಇದೆ. ಕಡಲ್ಗಳ್ಳರ ಕಥೆಯ ಆ ಚಿತ್ರದ ಕೆಲವು ಭಾಗಗಳನ್ನು ಕಾರವಾರದ ಕಡಲಿನಲ್ಲಿ ತೆಗೆದರು. 1965ರ ಜುಲೈನಲ್ಲಿ ಅದು ತೆರೆಕಂಡಿತು. ನಾಯಕನಿಗೆ ನಲವತ್ತೆಂಟು ವರ್ಷ, ನಾಯಕಿಗೆ ಹದಿನೇಳು.

ಈ ಕಾರ್ಯಕಾರಣ ಸರಣಿಯನ್ನು ನಾವು ಸ್ವಲ್ಪ ಒತ್ತಿ ಹೇಳುತ್ತಿರುವುದಕ್ಕೆ ಕಾರಣವುಂಟು. ತಮಿಳು ಚಿತ್ರರಂಗಕ್ಕೆ ಈಕೆಯನ್ನು ತಂದವರು ‘ವೆಣ್ಣಿರ ಆಡೈ’ ಚಿತ್ರದ ಸಿ.ವಿ. ಶ್ರೀಧರ್ ಎಂಬುದು ಪ್ರಸಿದ್ಧವಾದ ಮಾತು. ಅದು ಸುಳ್ಳಲ್ಲ, 1965ರ ಏಪ್ರಿಲ್‌ನಲ್ಲಿ ಬಿಡುಗಡೆಯಾದ ಆ ಚಿತ್ರವೇ ಈಕೆಯ ಮೊದಲ ತಮಿಳು ಚಿತ್ರ. ಸೆನ್ಸಾರಿನವರು ಅದಕ್ಕೆ ವಯಸ್ಕರ ಪ್ರಮಾಣಪತ್ರ ಕೊಟ್ಟದ್ದರಿಂದ ನಾಯಕಿಯೇ ಚಿತ್ರಮಂದಿರಕ್ಕೆ ಹೋಗಿ ತನ್ನ ಚಿತ್ರವನ್ನು ನೋಡುವಂತಿರಲಿಲ್ಲ! ಆದರೆ ಶ್ರೀಧರ್ ಅವರ ಚಿತ್ರ ಈಕೆಯನ್ನು ನಟಿಯನ್ನಾಗಿ ಮಾಡಿತು. ಪಂತುಲು ಅವರ ಚಿತ್ರ ಈಕೆಯನ್ನು ರಾಮಚಂದ್ರನ್ನರ ಜೊತೆಗಾತಿಯನ್ನಾಗಿ ಮಾಡಿತು. ತಮಿಳುನಾಡಿನ ಮುಂದಿನ ರಾಜಕೀಯ ಚರಿತ್ರೆಗೆ ಮುಖ್ಯವಾದುದು ಎರಡನೆಯದು. 1965ರಿಂದ 1973ರವರೆಗೆ ಇವರಿಬ್ಬರೂ ಜೊತೆಯಾಗಿ ನಟಿಸಿದ ಚಿತ್ರಗಳು 28.

ಕನ್ನಡದ ಕೆಲಸ ‘ಚಿನ್ನದ ಗೊಂಬೆ’ಯೊಡನೆ ನಿಲ್ಲಲಿಲ್ಲ. 1964ರಲ್ಲಿಯೇ ‘ಮನೆ ಅಳಿಯ’, 1965ರಲ್ಲಿ ‘ನನ್ನ ಕರ್ತವ್ಯ’ ಮತ್ತು ‘ಮಾವನ ಮಗಳು’, 1966ರಲ್ಲಿ ಕೆ.ಎಸ್. ಪ್ರಕಾಶರಾವ್ ಅವರ ‘ಬದುಕುವ ದಾರಿ’ ಬಂದವು. ಹೆಸರುಗಳೇ ತಿಳಿಸುವಂತೆ ಇವು ಸಂಸಾರದ ಕಥೆಗಳು. ಇವೆಲ್ಲದರಲ್ಲಿಯೂ ಕಲ್ಯಾಣಕುಮಾರರಿದ್ದಾರೆ, ರಾಜಕುಮಾರರಿಗೆ ನಾಯಕಿಯಾಗುವ ಸಂದರ್ಭ ಈಕೆಗೆ ಒದಗಲಿಲ್ಲ. ಇದು ಅಲ್ಪ ವಿಷಯವಲ್ಲ. 1960ರ ದಶಕದ ನಡುವಿನಲ್ಲಿ ಕನ್ನಡ ಚಿತ್ರರಂಗದ ಭಾರವೆಲ್ಲ ರಾಜಕುಮಾರರ ಕಡೆಗೆ ವಾಲಿತು. ಲೀಲಾವತಿ, ಜಯಂತಿ, ಭಾರತಿ, ಕಲ್ಪನಾ ಅವರಿಗೆ ಆ ಬೆಳಕಿನ ವಲಯ ದೊರೆಯಿತು. ಆ ವಲಯದ ಹೊರಗಿದ್ದ ನಾಯಕಿಗೆ ಕನ್ನಡದಲ್ಲಿ ದೀರ್ಘಕಾಲ ನಿಲ್ಲುವುದು ಕಷ್ಟ. ಅದೇ ವೇಳೆಗೆ ಇನ್ನೊಂದು ಕಡೆ ತಮಿಳು ಮತ್ತು ತೆಲುಗಿನ ನಿರ್ಮಾಪಕರು ಹೆಚ್ಚು ಹಣ ಕೊಟ್ಟು ಕರೆಯುತ್ತಿದ್ದರು. ಅಕ್ಕಿನೇನಿ ನಾಗೇಶ್ವರರಾಯರೊಡನೆ ‘ಮನುಷುಲು ಮಮತಲು’ 1965ರಲ್ಲಿಯೇ ಬಂದಿತ್ತು. ಹೀಗಿರುವಾಗ ಈಕೆ ಕನ್ನಡವನ್ನು ತೊರೆದಳೆಂದು ದೂರುವುದಾಗಲಿ, ಕನ್ನಡಿಗರು ಈಕೆಯನ್ನು ಉಳಿಸಿಕೊಳ್ಳಲಿಲ್ಲವೆಂದು ಪರಿತಪಿಸುವುದಾಗಲಿ ನಮಗೆ ಸಮಂಜಸವಾಗಿ ಕಾಣದು. ಸಂತೆಯಲ್ಲಿ ಬೆಲೆ ಎಲ್ಲಿ ಹೆಚ್ಚೋ ಸರಕು ಅಲ್ಲಿಗೆ ಹೋಗುತ್ತದೆ. ಮನೆಯ ಸಂಪಾದನೆ ಈ ಹುಡುಗಿಯ ಮೇಲೆ ನಿಂತಿತ್ತೆಂಬುದನ್ನು ಮರೆಯಬಾರದು.

ತಮಿಳಿನ ವೃತ್ತಿಯನ್ನು ಇಲ್ಲಿ ವಿಸ್ತರಿಸುವುದಿಲ್ಲ. ಅದರ ಬಗೆಗೆ ಬೇರೆಯವರು ಸಾಕಷ್ಟು ಬರೆದಿದ್ದಾರೆ. ಒಟ್ಟು ಚಿತ್ರಗಳು ನೂರಕ್ಕೂ ಮಿಕ್ಕು. 1968ರಲ್ಲಿ ಧರ್ಮೇಂದ್ರರೊಡನೆ ಹಿಂದಿಯ ‘ಇಜ್ಜತ್’. 1969ರಲ್ಲಿ ಶಿವಾಜಿ ಗಣೇಶನ್ನರೊಡನೆ ‘ದೈವ ಮಗನ್’. ಅಮೆರಿಕದ ಅಕಾಡೆಮಿ ಪ್ರಶಸ್ತಿಯ ಸ್ಪರ್ಧೆಗೆ ಭಾರತದಿಂದ ಕಳುಹಿಸಿದ ಮೊದಲ ತಮಿಳು ಚಿತ್ರವದು. ‘ಪಟ್ಟಿಕಾಡಾ ಪಟ್ಟಣಮಾ’ (1972) ಮತ್ತು ‘ಸೂರ್ಯಕಾಂತಿ’ (1973) ಚಿತ್ರಗಳಿಗೆ ಶ್ರೇಷ್ಠ ನಟಿಯೆಂಬ ಫಿಲ್ಮ್‌ಫೇರ್ ಪ್ರಶಸ್ತಿಗಳು. ಈಕೆಯ ಕಂಠದ ವಿಷಯವಾಗಿ ಮಾತ್ರ ಒಂದು ಮಾತು ಹೇಳಬೇಕು. ಅನ್ಯಭಾಷೆಯ ನಟಿಯರಿಗೆ ಬೇರೆಯವರಿಂದ ಧ್ವನಿ ಕೊಡಿಸುವುದು ಆ ಕಾಲದ ರೂಢಿ. ಬಾಲ್ಯದ ಕನ್ನಡ, ಮನೆಯ ತಮಿಳು, ಶಾಲೆಯ ಇಂಗ್ಲಿಷು ಕೂಡಿ ಬಂದುದರಿಂದ ಈಕೆಗೆ ಎರವಲು ಧ್ವನಿಯ ಹಂಗು ಕಡಿಮೆಯಾಯಿತು. 1969ರ ‘ಅಡಿಮೈಪ್ಪೆಣ್’ ಚಿತ್ರದಲ್ಲಿ ಕೆ.ವಿ. ಮಹದೇವನ್ ಅವರ ಸಂಗೀತಕ್ಕೆ ತಾನೇ ಹಾಡಿದ್ದೂ ಉಂಟು. ಮುಂದೆ ರಾಜಕೀಯದ ವೇದಿಕೆಯಲ್ಲಿ ಈಕೆಗೆ ದೊರೆತ ಮೊದಲ ಹುದ್ದೆ ಪಕ್ಷದ ಪ್ರಚಾರ ಕಾರ್ಯದರ್ಶಿಯದು (1983). ಅದು ಅಕ್ಷರಶಃ ಕಂಠದ ಕೆಲಸವೇ.

ಈ ನಡುವೆ ನಾವು ಮೇಲೆ ವರ್ಣಿಸಿದ ಬಹುಭಾಷಾ ಮದರಾಸು ಕರಗುತ್ತ ಬಂದಿತು. 1956ರ ರಾಜ್ಯ ಪುನರ್ವಿಂಗಡಣೆಯು ಭೂಪಟದ ಮೇಲೆ ಎಳೆದ ಗೆರೆಗಳು ಸ್ಟುಡಿಯೊಗಳಿಗೆ ಇಳಿಯಲು ಹತ್ತು ವರ್ಷ ಹಿಡಿಯಿತು. 1960ರ ದಶಕದಲ್ಲಿ ಕನ್ನಡಕ್ಕೆ ಅನ್ಯಭಾಷಾ ಚಿತ್ರಗಳ ಡಬ್ಬಿಂಗ್ ಕೂಡದೆಂಬ ಚಳವಳಿ ನಡೆಯಿತು; ಅ.ನ. ಕೃಷ್ಣರಾಯರಂಥ ಸಾಹಿತಿಗಳು ಕನ್ನಡ ಚಿತ್ರಗಳ ಪರವಾಗಿ ನಿಂತರು. ರಾಜ್ಯ ಸರ್ಕಾರವು ಕನ್ನಡ ಚಿತ್ರಗಳಿಗೆ ಸಹಾಯಧನ ನೀಡತೊಡಗಿತು. ಬೆಂಗಳೂರಿನಲ್ಲಿ ಸ್ಟುಡಿಯೊಗಳು ಎದ್ದವು. ಅತ್ತ 1965ರ ಹಿಂದೀ ವಿರೋಧಿ ಚಳವಳಿ, 1967ರ ಚುನಾವಣೆ, 1969ರಲ್ಲಿ ಮದರಾಸು ರಾಜ್ಯಕ್ಕೆ ತಮಿಳುನಾಡೆಂಬ ಹೆಸರು. ಇತ್ತ 1973ರ ನವೆಂಬರ್ 1ರಂದು ಮೈಸೂರು ರಾಜ್ಯ ಕರ್ನಾಟಕವಾಯಿತು. ಇವೆಲ್ಲವೂ ನ್ಯಾಯವಾದ ಬೇಡಿಕೆಗಳೇ. ಕನ್ನಡ ಚಿತ್ರರಂಗವು ತನ್ನ ಕಾಲ ಮೇಲೆ ನಿಂತದ್ದು ಇವುಗಳಿಂದಲೇ. ಆದರೆ ಎರಡು ಮನೆಯ ಅಂಗಳದಲ್ಲಿ ಆಡಿ ಬೆಳೆದವರಿಗೆ ನಡುವೆ ಗೋಡೆ ಎದ್ದಾಗ, ಯಾವ ಕಡೆ ನಿಲ್ಲುವೆಯೆಂಬ ಪ್ರಶ್ನೆ ಬಾರದಿರದು.

ಆ ಪ್ರಶ್ನೆ ಈಕೆಗೆ ಎದುರಾದ ಸ್ಥಳ ಮೈಸೂರು. ಜೀವನಚರಿತ್ರಕಾರರು ಹೇಳುವ ಪ್ರಕಾರ, ತಾನು ತಮಿಳಳೆಂದು ಪತ್ರಿಕೆಯೊಂದಕ್ಕೆ ಈಕೆ ಹೇಳಿದ್ದು ಇಲ್ಲಿ ಕೆಲವರ ಕೋಪಕ್ಕೆ ಕಾರಣವಾಯಿತು. ಪಂತುಲು ಅವರದೇ ‘ಗಂಗಾ ಗೌರಿ’ ಎಂಬ ತಮಿಳು ಚಿತ್ರಕ್ಕಾಗಿ ಮೈಸೂರಿನ ಸ್ಟುಡಿಯೊದಲ್ಲಿ ಕೆಲಸ ನಡೆಯುತ್ತಿದ್ದಾಗ ಪ್ರತಿಭಟನೆಗಾರರು ಬಂದು ಕ್ಷಮೆ ಕೇಳಬೇಕೆಂದು ಪಟ್ಟುಹಿಡಿದರೆಂದೂ, ಈಕೆ ಒಪ್ಪಲಿಲ್ಲವೆಂದೂ ಅವರು ಬರೆಯುತ್ತಾರೆ. ಆ ಚಿತ್ರ ಬಂದದ್ದು 1973ರಲ್ಲಿ. ಹತ್ತು ವರ್ಷಗಳ ಹಿಂದೆ ಅದೇ ನಿರ್ದೇಶಕರು ಅದೇ ನಟಿಯನ್ನು ಕನ್ನಡದ ನಾಯಕಿಯನ್ನಾಗಿ ಮಾಡುವಾಗ ನೀನು ಯಾರವಳೆಂದು ಕೇಳಿದವರಿರಲಿಲ್ಲ. ಈಕೆಯ ಉತ್ತರವನ್ನು ಮೆಚ್ಚುವುದೂ ಬಿಡುವುದೂ ಓದುಗರಿಗೆ ಸೇರಿದ್ದು. ಪ್ರಶ್ನೆಯೇ ಹೊಸದಾಗಿ ಹುಟ್ಟಿದ್ದೆಂಬುದನ್ನು ಗಮನಿಸುವುದು ಚರಿತ್ರೆಯ ವಿದ್ಯಾರ್ಥಿಗೆ ಮುಖ್ಯ. ಮರುವರ್ಷ, 1974ರಲ್ಲಿ, ಪಂತುಲು ಅವರು ಕಾಲವಾದರು. ಆ ಬಗೆಯ ನಿರ್ಮಾಪಕರ ಪೀಳಿಗೆಯೂ ಅಲ್ಲಿಗೆ ಮುಗಿಯುತ್ತ ಬಂದಿತೆನ್ನಬಹುದು.

1971ರಲ್ಲಿ ತಾಯಿ ತೀರಿಕೊಂಡ ಮೇಲೆ ಈಕೆಯ ಚಿತ್ರಗಳು ಕ್ರಮೇಣ ಕಡಿಮೆಯಾದವು. ನಾಯಕಿಯಾಗಿ ಕೊನೆಯದು 1980ರ ‘ನದಿಯೈ ತೇಡಿ ವಂದ ಕಡಲ್’. ಅನಂತರ ಈಕೆ ಮತ್ತೆ ನೃತ್ಯದ ಕಡೆ ತಿರುಗಿದರು. 1981ರ ಜನವರಿಯಲ್ಲಿ ಮಧುರೆಯಲ್ಲಿ ನಡೆದ ವಿಶ್ವ ತಮಿಳು ಸಮ್ಮೇಳನದಲ್ಲಿ, ಮುಖ್ಯಮಂತ್ರಿಗಳಾಗಿದ್ದ ರಾಮಚಂದ್ರನ್ನರ ಆಡಳಿತದ ಕಾಲದಲ್ಲಿ, ಈಕೆ ಪ್ರದರ್ಶಿಸಿದ ನೃತ್ಯನಾಟಕದ ಹೆಸರು ‘ಕಾವೇರಿ ತಂದ ಕಲೈಚ್ಚೆಲ್ವಿ’, ಎಂದರೆ ಕಾವೇರಿ ಕೊಟ್ಟ ಕಲಾಕುವರಿ. ಈ ಕಲಾಕುವರಿ ಹುಟ್ಟಿದ್ದು ಕೃಷ್ಣರಾಜಸಾಗರದಿಂದ ಬಹುದೂರವಿಲ್ಲದ ಬೆಟ್ಟದ ಮೇಲೆ ಎಂಬುದನ್ನು ಆ ಸಭೆಯಲ್ಲಿ ಎಷ್ಟು ಮಂದಿ ನೆನೆದಿದ್ದರೋ! ಮರುವರ್ಷ ಈಕೆ ಅಣ್ಣಾ ದ್ರಾವಿಡ ಮುನ್ನೇತ್ರ ಕಳಗವನ್ನು ಸೇರಿದರು. 1984ರಲ್ಲಿ ರಾಜ್ಯಸಭೆ, 1987ರಲ್ಲಿ ರಾಮಚಂದ್ರನ್ನರ ಮರಣ, 1991ರ ಜೂನ್ 24ರಂದು ಮುಖ್ಯಮಂತ್ರಿ ಪದವಿಯ ಪ್ರಮಾಣವಚನ.

ಕಾವೇರಿ ಜಲವಿವಾದ ನ್ಯಾಯಾಧಿಕರಣವು ವರ್ಷಕ್ಕೆ 205 ಸಾವಿರ ಮಿಲಿಯನ್ ಘನ ಅಡಿ ನೀರು ಮೆಟ್ಟೂರಿಗೆ ಸೇರಬೇಕೆಂಬ ಮಧ್ಯಂತರ ಆದೇಶವನ್ನು ಹೊರಡಿಸಿದ್ದು ಅದರ ಮರುದಿನ, ಜೂನ್ 25ರಂದು. ಅಂದಿನಿಂದ ಮಂಡ್ಯ ಜಿಲ್ಲೆಯಲ್ಲಿ ಈಕೆಯ ಹೆಸರು ಚಲಚ್ಚಿತ್ರದೊಡನೆ ಸೇರಿ ಕೇಳಿಬರುವುದು ನಿಂತಿತು. 1911ರಲ್ಲಿ ಕೆಲಸ ಆರಂಭವಾಗಿ ಪೂರ್ಣಗೊಂಡ ಕನ್ನಂಬಾಡಿ ಕಟ್ಟೆಯ ನೀರನ್ನು ನಂಬಿ ಶ್ರೀರಂಗಪಟ್ಟಣ, ಪಾಂಡವಪುರಗಳ ಭತ್ತದ ಗದ್ದೆಯೂ ಕಬ್ಬಿನ ತೋಟವೂ ಬೆಳೆದಿದ್ದವು. ಕಟ್ಟೆಯ ಹಿನ್ನೀರು ಕೃಷ್ಣರಾಜಪೇಟೆಯ ಹಳ್ಳಿಗಳನ್ನು ಮುಟ್ಟುತ್ತಿತ್ತು. ನಾಗಮಂಗಲದ ಒಣಭೂಮಿಯವರು ನಾಲೆಯ ಆಸೆಯಿಂದ ಕಾಯುತ್ತಿದ್ದರು. 1991ರ ಡಿಸೆಂಬರಿನಲ್ಲಿ ಬೆಂಗಳೂರು, ಮೈಸೂರು ಸೀಮೆಗಳಲ್ಲಿ ನಡೆದ ಗಲಭೆಯಲ್ಲಿ ಎರಡು ಭಾಷೆಗಳನ್ನಾಡುವ ಬಡವರೇ ಹೆಚ್ಚು ನೊಂದರು. 1993ರ ಜುಲೈನಲ್ಲಿ ಈಕೆ ಕಾವೇರಿ ನೀರಿಗಾಗಿ ಮದರಾಸಿನ ಮರೀನಾ ತೀರದಲ್ಲಿ ಉಪವಾಸ ಕುಳಿತರು. ಇತ್ತ ಮಂಡ್ಯದಲ್ಲಿ ಜಿ. ಮಾದೇಗೌಡರ ಮುಂದಾಳುತನದಲ್ಲಿ ರೈತರು ರಸ್ತೆಯಲ್ಲಿ ಕುಳಿತರು. ಮುಖ್ಯಮಂತ್ರಿಯಾಗಿ ಈಕೆ ತನ್ನ ರಾಜ್ಯದ ರೈತರ ಪಕ್ಷವನ್ನು ಹಿಡಿದದ್ದರಲ್ಲಿ ಆಶ್ಚರ್ಯಪಡುವಂಥದೇನೂ ಇಲ್ಲ. ಆದರೆ ಹುಟ್ಟಿದ ನೆಲಕ್ಕೆ ದ್ರೋಹವೆಂಬ ಮಾತು ನಮ್ಮ ಜಿಲ್ಲೆಯ ಸಭೆಗಳಲ್ಲಿ ಕೇಳಿಬಂದಾಗ, ಅದರ ಅಡಿಯಲ್ಲಿದ್ದದ್ದು ರಾಜಕಾರಣಿಯ ಮೇಲಣ ಕೋಪ ಮಾತ್ರವಲ್ಲ. ‘ಚಿನ್ನದ ಗೊಂಬೆ’ಯನ್ನು ಟೆಂಟಿನಲ್ಲಿ ನೆಲದ ಮೇಲೆ ಕುಳಿತು ನೋಡಿದ ಪೀಳಿಗೆಯ ಹಳೆಯ ಸಲಿಗೆಯೂ ಅದರಲ್ಲಿತ್ತೆಂದು ನಮ್ಮ ಎಣಿಕೆ. ಪರಕೀಯರ ಮೇಲೆ ಯಾರೂ ಹಾಗೆ ಮುನಿಯುವುದಿಲ್ಲ.

ಜಯಲಲಿತಾ ಅವರು 2016ರ ಡಿಸೆಂಬರ್ 5ರಂದು ಚೆನ್ನೈಯಲ್ಲಿ ನಿಧನಹೊಂದಿದರು. ದ್ರಾವಿಡ ಪಕ್ಷಗಳ ನಾಯಕರಿಗೆ ಆಗುವಂತೆ, ಮರೀನಾ ತೀರದಲ್ಲಿ ರಾಮಚಂದ್ರನ್ನರ ಸಮಾಧಿಯ ಬಳಿ ಅವರನ್ನು ಭೂಸ್ಥಾಪನೆ ಮಾಡಲಾಯಿತು. ಶ್ರೀವೈಷ್ಣವ ಸಂಪ್ರದಾಯಕ್ಕೆ ಇದು ಒಪ್ಪುವಂಥದಲ್ಲ. ಒಂದು ವಾರದ ತರುವಾಯ, ಮೈಸೂರು ಸೀಮೆಯಲ್ಲಿದ್ದ, ಬಂಧುಗಳೆಂದು ಹೇಳಿಕೊಂಡ ಕೆಲವರು ಶ್ರೀರಂಗಪಟ್ಟಣದಲ್ಲಿ ಕಾವೇರಿಯು ಪಶ್ಚಿಮಕ್ಕೆ ಹರಿಯುವ ಪಶ್ಚಿಮವಾಹಿನಿಯ ದಡದಲ್ಲಿ, ದರ್ಭೆಯಿಂದ ಒಂದು ಪ್ರತಿಕೃತಿಯನ್ನು ಮಾಡಿ, ವಿಧಿಯಂತೆ ಅದನ್ನು ದಹಿಸಿ, ಬೂದಿಯನ್ನು ಹೊಳೆಗೆ ಬಿಟ್ಟರು.